ಮನೆಯ ಹೆಸರು, ಮಗನ ಹೆಸರು

ಪಾಠ ಹೇಳುವವರು ಮಾಡುವ ತಪ್ಪುಗಳಲ್ಲಿ ಹೆಚ್ಚಿನವು ಅವರಿಗೆ ತಿಳಿಯುವುದೇ ಇಲ್ಲ. ತಿಳಿದ ಒಂದೆರಡೂ ಬಹಳ ತಡವಾಗಿ ತಿಳಿಯುತ್ತವೆ. ಅಂಥ ಒಂದು ತಪ್ಪಿನ ಸಂಗತಿಯಿಂದಲೇ ಈ ಬರಹವನ್ನು ಆರಂಭಿಸಬೇಕಾಗಿದೆ.

ನಾನು ಅಧ್ಯಾಪಕನಾದ ಹೊಸತರಲ್ಲಿ ಕರಾವಳಿಯ ಊರೊಂದರ ಕಾಲೇಜಿನಲ್ಲಿದ್ದೆ. ಒಂದು ಮಧ್ಯಾಹ್ನ ನಾಮಪದಗಳ ಪಾಠ ನಡೆದಿತ್ತು. ರೂಢನಾಮ, ಅಂಕಿತನಾಮ, ಅನ್ವರ್ಥನಾಮ ಎಂದು ಬರಿದೆ ಪಟ್ಟಿ ಹೇಳಿದರೆ ಊಟದ ಮೇಲಿನ ತರಗತಿ ನಿದ್ದೆಗೆ ಜಾರುತ್ತದೆ. ಆದ್ದರಿಂದ ಹೆಸರುಗಳನ್ನೇ ಬಿಡಿಸಿ ತೋರಿಸಲು ತೊಡಗಿದೆ. ಮೊದಲು ನನ್ನ ತಾಯಿಯ ಹೆಸರನ್ನು ತೆಗೆದುಕೊಂಡೆ. “ಅವಳು ಪಂಕಜಾ. ಪಂಕವೆಂದರೆ ಕೆಸರು, ಪಂಕಜಾ ಎಂದರೆ ಕೆಸರಿನಲ್ಲಿ ಹುಟ್ಟಿದವಳು” ಎಂದೆ. ಎಲ್ಲರೂ ನಕ್ಕರು. ಉತ್ಸಾಹ ಬಂದು ಒಬ್ಬೊಬ್ಬರೂ ತಮ್ಮ ತಮ್ಮ ಹೆಸರಿನ ಅರ್ಥ ಕೇಳತೊಡಗಿದರು. ಹಿಂದಿನ ಬೆಂಚಿನಿಂದ ಹುಡುಗನೊಬ್ಬ ಎದ್ದು ನಿಂತು, “ನನ್ನ ಹೆಸರಿಗೆ ಏನರ್ಥ ಸರ್?” ಎಂದ. ಅವನ ಹೆಸರು ಝೇವಿಯರ್. “ಅದಕ್ಕೆ ಅರ್ಥವಿಲ್ಲಪ್ಪ, ಅದು ಬರೀ ಅಂಕಿತನಾಮ” ಎಂದುಬಿಟ್ಟೆ. ಮತ್ತೆ ತರಗತಿ ನಕ್ಕಿತು. ಈ ಸಲದ ನಗು ಬೇರೆ ಬಗೆಯದು. ಹುಡುಗ ಏನೂ ಹೇಳದೆ ಕುಳಿತುಕೊಂಡ.

ನನಗೆ ತಿಳಿಯದ್ದನ್ನು ಇಲ್ಲವೆಂದು ಹೇಳಿದ್ದೆ. ಅಧ್ಯಾಪಕನಿಗೆ ಇದಕ್ಕಿಂತ ದೊಡ್ಡ ದೋಷವಿಲ್ಲ. ಎಷ್ಟೋ ವರ್ಷಗಳ ಮೇಲೆ ಸ್ಪೇನಿನ ಇತಿಹಾಸದ ಪುಸ್ತಕವೊಂದನ್ನು ಓದುತ್ತಿದ್ದಾಗ ಆ ಪ್ರಶ್ನೆಗೆ ಉತ್ತರ ಸಿಕ್ಕಿತು. ಆ ಉತ್ತರ ನನ್ನ ಮನೆಯ ಬಾಗಿಲಿಗೇ ಬಂದು ನಿಂತಂತಿತ್ತು.

ಸ್ಪೇನಿನ ಉತ್ತರಕ್ಕೆ ನವಾರ್ರ ಎಂಬ ನಾಡಿದೆ. ಅದರ ಅಂಚಿನಲ್ಲಿ, ಅರಗೋನ್ ನಾಡಿನ ಗಡಿಗೆ ಹತ್ತಿರ, ಒಂದು ಸಣ್ಣ ಊರು, ಒಂದು ಕೋಟೆಮನೆ. ಅದರ ಹೆಸರು ಹಳೆಯ ಬರವಣಿಗೆಯಲ್ಲಿ ಝೇವಿಯರ್, ಇಂದಿನ ಸ್ಪ್ಯಾನಿಷ್ ಉಚ್ಚಾರದಲ್ಲಿ ಹಾವಿಯೆರ್. ಶಬ್ದ ಮಾತ್ರ ಮೂಲದಲ್ಲಿ ಸ್ಪ್ಯಾನಿಷ್ ಅಲ್ಲ. ಆ ಬೆಟ್ಟಸೀಮೆಯ ಬಾಸ್ಕ್ ಜನರ ಭಾಷೆಯದು. ಬಾಸ್ಕ್ ಭಾಷೆಗೆ ಲ್ಯಾಟಿನಿನ ಸಂಬಂಧವಿಲ್ಲ, ಯುರೋಪಿನ ಬೇರಾವ ಭಾಷೆಯ ನಂಟೂ ಖಚಿತವಾಗಿ ತೋರಿಬಂದಿಲ್ಲ. ಆ ಭಾಷೆಯಲ್ಲಿ ‘ಎಚೆ’ ಎಂದರೆ ಮನೆ, ‘ಬೆರ್ರಿ’ ಎಂದರೆ ಹೊಸದು. ಎಚೆಬೆರ್ರಿ ಎಂದರೆ ಹೊಸಮನೆ. ನೆರೆಯ ರೋಮಾನ್ಸ್ ಭಾಷೆಯ ಜನ ಈ ಶಬ್ದವನ್ನು ಆಡುತ್ತ ಆಡುತ್ತ ಮೊದಲ ಸ್ವರವನ್ನು ನುಂಗಿದರು, ನಡುವಣ ‘ಎ’ಕಾರವನ್ನು ‘ಇಯೆ’ ಎಂದು ಎಳೆದರು; ಎಚೆಬೆರ್ರಿ ಹೋಗಿ ಶಾವಿಯೆರ್ ಆಯಿತು. ಅರಗೋನಿನಲ್ಲಿ ಹಾವಿಯೆರ್ರೆ ಎಂಬ ಹೆಸರು ಸೇರಿದ ಹಳ್ಳಿಗಳು ಇಂದಿಗೂ ಇವೆ. ಅವುಗಳಲ್ಲಿರುವುದೂ ಇದೇ ಹೊಸಮನೆ. ಬಾಸ್ಕ್ ಸೀಮೆಯಲ್ಲೇ ಉಳಿದ ಶಬ್ದ ಎಚೆವೆರ್ರೀಯ ಎಂಬ ಮನೆತನದ ಹೆಸರಾಗಿ, ವಲಸೆ ಹೋದವರೊಡನೆ ಅಮೆರಿಕಾ ಖಂಡವನ್ನೂ ಸೇರಿತು. ಅರ್ಜೆಂಟೀನದ ಪ್ರಸಿದ್ಧ ಲೇಖಕ ಎಸ್ತೇಬಾನ್ ಎಚೆವೆರ್ರೀಯನೂ ಗೋವೆಯ ಸಂತ ಫ್ರಾನ್ಸಿಸ್ ಝೇವಿಯರನೂ, ಶಬ್ದದ ಲೆಕ್ಕದಲ್ಲಿ, ಒಂದೇ ಮನೆಯವರು.

ಬಾಸ್ಕ್ ಜನರಲ್ಲಿ ಮನೆಗೆ ಮನುಷ್ಯನ ಹೆಸರಿಡುವುದಕ್ಕಿಂತ ಮನುಷ್ಯನಿಗೆ ಮನೆಯ ಹೆಸರು ಬರುವುದು ಹಳೆಯ ಪದ್ಧತಿ. ಮನೆ ಸ್ಥಿರ, ಜನ ಬಂದುಹೋಗುವವರು. ಆ ಮನೆಗೆ ಬಂದು ನೆಲಸಿದವನನ್ನೂ ಊರವರು ಮನೆಯ ಹೆಸರಿನಿಂದಲೇ ಕರೆಯುತ್ತಿದ್ದರು. ಇದನ್ನು ಮಲೆನಾಡಿನವರಿಗೂ ಕರಾವಳಿಯವರಿಗೂ ವಿವರಿಸಿ ಹೇಳಬೇಕಾದ್ದಿಲ್ಲ. ಮೇಲಿನಮನೆ, ಕೆಳಗಿನಮನೆ, ಹಳೆಮನೆ, ಹೊಸಮನೆ ಎಂಬ ಹೆಸರುಗಳು ನಮ್ಮಲ್ಲಿ ಎಷ್ಟಿಲ್ಲ! ಹೊಸಮನೆ ಕಟ್ಟಿ ಇನ್ನೂರು ವರ್ಷವಾಗಿ ಸೂರು ಕುಸಿದಿದ್ದರೂ ಅದು ಹೊಸಮನೆಯೇ. ವ್ಯಾಕರಣದ ಮಾತಿನಲ್ಲಿ ಹೇಳುವುದಾದರೆ, ‘ಮನೆ’ ಎಂಬುದು ರೂಢನಾಮ. ಕಟ್ಟಿದ ವರ್ಷ ‘ಹೊಸಮನೆ’ ಎಂಬುದು ಅನ್ವರ್ಥನಾಮ. ಸುಣ್ಣ ಮಾಸಿದ ದಿನದಿಂದ ಅದು ಅಂಕಿತನಾಮ. ನಾನು ಆ ಹುಡುಗನ ಹೆಸರನ್ನು ಬರೀ ಅಂಕಿತನಾಮವೆಂದೆ. ಮೂರು ನಾಮಗಳ ಪಾಠಕ್ಕೂ ಅದೊಂದೇ ಸಾಕಾಗುವಷ್ಟು ಒಳ್ಳೆಯ ಉದಾಹರಣೆಯೆಂಬುದು ನನಗೆ ತಿಳಿದಿರಲಿಲ್ಲ.

ಈ ಹೆಸರನ್ನು ಹೇಗೆ ಉಚ್ಚರಿಸಬೇಕೆಂಬ ಜಿಜ್ಞಾಸೆಯೂ ಒಂದಿದೆ. ನಮ್ಮ ಪತ್ರಿಕೆಗಳಲ್ಲಿ ಕ್ಸೇವಿಯರ್, ಝೇವಿಯರ್, ಜೇವಿಯರ್ ಎಂದು ಮೂರು ಬಗೆಯಲ್ಲಿ ಬರೆಯುವುದನ್ನು ಕಂಡು ನಗುವವರುಂಟು. ನಗಬೇಕಾದ್ದಿಲ್ಲ. ಹಳೆಯ ಸ್ಪ್ಯಾನಿಷಿನಲ್ಲಿ ‘ಎಕ್ಸ್’ ಅಕ್ಷರಕ್ಕೆ ನಮ್ಮ ‘ಶ’ಕಾರದ ಧ್ವನಿಯಿತ್ತು. ಪೋರ್ಚುಗೀಸರೂ ಕತಲಾನರೂ ಇಂದಿಗೂ ‘ಶ’ ಎಂದೇ ಹೇಳುತ್ತಾರೆ. ಸ್ಪೇನಿನಲ್ಲಿ ಕ್ರಮೇಣ ಆ ಧ್ವನಿ ಗಂಟಲಿಗೆ ಇಳಿದು ‘ಹ’ಕಾರದಂತಾಯಿತು, 1815ರಲ್ಲಿ ಅಲ್ಲಿಯ ಭಾಷಾ ಅಕಾಡೆಮಿ ಅಂಥ ಶಬ್ದಗಳಲ್ಲಿ ಆ ಅಕ್ಷರವನ್ನೇ ಬದಲಿಸಿತು. ನಾವು ಡಾನ್ ಕ್ವಿಕ್ಸೋಟ್ ಎಂದು ಕರೆಯುವ ಮಹಾಶಯನಿಗೂ ಇದೇ ಗತಿ. 1605ರಲ್ಲಿ ಅವನು ಅಚ್ಚಾಗಿ ಹೊರಬಂದಾಗ ‘ಶ’ಕಾರದ ಉಚ್ಚಾರ ಪೂರ್ತಿ ಅಳಿದಿರಲಿಲ್ಲ, ಅದನ್ನು ಕೇಳಿಸಿಕೊಂಡ ಫ್ರೆಂಚರು ಇಂದಿಗೂ ಅವನನ್ನು ಕಿಶೋತ್ ಎನ್ನುತ್ತಾರೆ. ಸ್ವದೇಶದಲ್ಲಿ ಅವನು ಕಿಹೋತೆ. ಬಾಸ್ಕರಂತೂ, ರೋಮಾನ್ಸ್ ಬಾಯಲ್ಲಿ ಸವೆದು ಬಂದ ರೂಪವನ್ನೇ ಮರಳಿ ಪಡೆದು, ತಮ್ಮ ಲಿಪಿಕ್ರಮದಲ್ಲಿ ಬರೆದು, ಮಕ್ಕಳಿಗೆ ಶಾಬಿಯೆರ್ ಎಂದು ಹೆಸರಿಡುತ್ತಾರೆ. ಮದುವೆಯಾಗಿ ಹೋದ ಮಗಳು ಬೇರೆ ಊರಿನ ಉಡುಗೆಯಲ್ಲಿ ತವರಿಗೆ ಬಂದ ಹಾಗೆ.

ಆದರೆ ಒಂದು ಕೋಟೆಮನೆಯ ಹೆಸರು ಪರದೇಶದ ಹುಡುಗರಿಗೆ ಇಡುವ ಹೆಸರಾದದ್ದು ಹೇಗೆ? ಅದಕ್ಕೆ ಒಬ್ಬ ಮನುಷ್ಯನ ಬಾಳು ಕಾರಣ. 1506ರ ಏಪ್ರಿಲ್ 7ರಂದು ಆ ಕೋಟೆಯಲ್ಲಿ ಒಂದು ಮಗು ಹುಟ್ಟಿತು. ತಂದೆ ಹುವಾನ್ ದೆ ಹಾಸ್ಸೊ, ತಾಯಿ ಮರೀಯ ದೆ ಅಸ್ಪಿಲ್‌ಕ್ವೇತ. ಕೋಟೆ ತಾಯಿಯ ಕಡೆಯಿಂದ ಬಂದದ್ದು. ಮಗು ಆರು ವರ್ಷದ್ದಿರುವಾಗ, 1512ರಲ್ಲಿ, ಕ್ಯಾಸ್ಟೀಲಿನ ಸೈನ್ಯ ನವಾರ್ರವನ್ನು ಗೆದ್ದುಕೊಂಡಿತು. 1515ರಲ್ಲಿ ತಂದೆ ತೀರಿಕೊಂಡ. ಮರುವರ್ಷ, ನಾಡನ್ನು ಮರಳಿ ಪಡೆಯುವ ಯತ್ನವೊಂದು ಮುರಿದುಬಿದ್ದ ಮೇಲೆ, ಕಾರ್ಡಿನಲ್ ಸಿಸ್ನೇರೋಸ್‌ನ ಆಜ್ಞೆಯಂತೆ ಕೋಟೆಯ ಗೋಪುರಗಳನ್ನೂ ಹೊರಗೋಡೆಗಳನ್ನೂ ಕೆಡವಿಹಾಕಿದರು. ಹತ್ತು ವರ್ಷದ ಹುಡುಗ ಅದನ್ನು ನೋಡಿದ. 1525ರಲ್ಲಿ ಪ್ಯಾರಿಸಿಗೆ ಓದಲು ಹೋದವನು ಮತ್ತೆ ಆ ಮನೆಗೆ ಮರಳಲಿಲ್ಲ. ಪ್ಯಾರಿಸಿನಲ್ಲಿ ಅವನ ಕೋಣೆಯ ಜೊತೆಗಾರನಾಗಿ ಬಂದವನು ಇಗ್ನೇಷಿಯಸ್ ಲೊಯೋಲ. 1521ರಲ್ಲಿ ಪಾಂಪ್ಲೋನದ ಕೋಟೆಯನ್ನು ಕ್ಯಾಸ್ಟೀಲಿನ ಪರವಾಗಿ ಕಾಯುತ್ತ ಕಾಲಿಗೆ ಗುಂಡಿನ ಏಟು ತಿಂದವನು. ಆ ಯುದ್ಧದಲ್ಲಿ ಹುಡುಗನ ಅಣ್ಣಂದಿರು ಎದುರು ಪಕ್ಷದಲ್ಲಿದ್ದರು. ಅಂಥವರಿಬ್ಬರು ಒಂದೇ ಕೋಣೆಯಲ್ಲಿದ್ದು ಮಿತ್ರರಾದರೆಂಬುದು ಯಾವ ಕಾದಂಬರಿಕಾರನೂ ಕಟ್ಟಲು ಹಿಂಜರಿಯುವ ಸಂದರ್ಭ.

ಮುಂದಿನದು ನಮ್ಮವರಿಗೆ ಹೆಚ್ಚು ಪರಿಚಿತ. 1541ರಲ್ಲಿ ಲಿಸ್ಬನ್ ಬಿಟ್ಟು 1542ರ ಮೇ 6ರಂದು ಅವನು ಗೋವೆಗೆ ಬಂದ. ಅಲ್ಲಿಂದ ತಮಿಳು ಕರಾವಳಿ, ಮಲಕ್ಕಾ, ಅಂಬೋನ್, 1549ರಲ್ಲಿ ಜಪಾನ್. ತಮಿಳು ಬೆಸ್ತರ ನಡುವೆ ಕೆಲಸ ಮಾಡುತ್ತಿದ್ದಾಗ ಅವನು ಬರೆದ ಪತ್ರವೊಂದರಲ್ಲಿ, ತನ್ನ ತಾಯ್ನುಡಿ ಬಾಸ್ಕ್ ಎಂದೂ ಅವರದು ಬೇರೆಯೆಂದೂ, ಪರಸ್ಪರ ಮಾತು ತಿಳಿಯದೆ ಪಟ್ಟ ಪಾಡನ್ನೂ ಹೇಳಿಕೊಂಡಿದ್ದಾನೆ. 1552ರ ಡಿಸೆಂಬರಿನಲ್ಲಿ ಚೀನಾದ ತೀರದ ಶಾಂಗ್‌ಚುವಾನ್ ದ್ವೀಪದಲ್ಲಿ, ಒಂದು ಗುಡಿಸಲಿನಲ್ಲಿ, ಪ್ರಾಣ ಬಿಟ್ಟ. ಹೊಸಮನೆಯ ಹೆಸರು ಹೊತ್ತವನಿಗೆ ಹತ್ತು ವರ್ಷ ನಿಲ್ಲುವ ಮನೆಯೆಂಬುದಿರಲಿಲ್ಲ. ದೇಹ ಗೋವೆಗೆ ಬಂತು. ಇಂದಿಗೂ ಅಲ್ಲಿಯ ಬೊಂ ಜೀಸಸ್ ಬಸಿಲಿಕದಲ್ಲಿದೆ.

1622ರಲ್ಲಿ ರೋಮಿನಲ್ಲಿ ಅವನನ್ನು ಸಂತನೆಂದು ಸಾರಿದ ಮೇಲೆ ಹೆಸರಿನ ಎರಡನೆಯ ಜನ್ಮ. ಫ್ರಾನ್ಸಿಸ್ ಎಂಬ ಹೆಸರಿನ ಸಂತರು ಬೇರೆಯೂ ಇದ್ದುದರಿಂದ, ಯಾವ ಫ್ರಾನ್ಸಿಸನ ಹೆಸರೆಂದು ತಿಳಿಯಲು ಮಕ್ಕಳಿಗೆ ದೀಕ್ಷಾಸ್ನಾನದಲ್ಲಿ ಎರಡನ್ನೂ ಕೂಡಿಸಿ ಫ್ರಾನ್ಸಿಸ್ ಝೇವಿಯರ್ ಎಂದು ಇಟ್ಟರು. ಕಾಲಕ್ರಮದಲ್ಲಿ ಮೊದಲಿನದು ಉದುರಿ ಮನೆಯ ಹೆಸರೊಂದೇ ಉಳಿಯಿತು. ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿಯಾಗಿದ್ದ ಪೆರುವಿನ ಹಾವಿಯೆರ್ ಪೆರೆಸ್ ದೆ ಕ್ವೆಲ್ಯಾರ್, 2022ರಲ್ಲಿ ತೀರಿಕೊಂಡ ಕಾದಂಬರಿಕಾರ ಹಾವಿಯೆರ್ ಮರೀಯಾಸ್, ಇವರೆಲ್ಲರಿಗೂ ತಾಯಂದಿರು ಇಟ್ಟ ಹೆಸರು ನವಾರ್ರದ ಒಂದು ಮನೆಯದು. ಸ್ಪೇನಿನಲ್ಲಿ ಬೋರ್ಹ ಎಂಬ ಇನ್ನೊಂದು ಹೆಸರು ಇದೇ ದಾರಿಯಲ್ಲಿ ಬಂದಿದೆ. ಅದು ಅರಗೋನಿನ ಒಂದು ಊರು. ಆಮೇಲೆ ಇಟಲಿಯಲ್ಲಿ ಬೋರ್ಜಿಯ ಎಂದು ಕುಖ್ಯಾತವಾದ ಮನೆತನದ ಹೆಸರು. ಆ ಮನೆತನದ ಫ್ರಾನ್ಸಿಸ್ಕೊ ಸಂತನಾದ ಮೇಲೆ ಹುಡುಗರಿಗೆ ಇಡುವ ಹೆಸರು. ಅರಬ್ಬಿಯ ‘ಬುರ್ಜ್’ ಎಂಬ ಶಬ್ದದಿಂದ ಇದು ಬಂತೆಂದು ಹೇಳಿಬಿಡುವುದು ಸುಲಭ. ಬುರುಜು ಎಂದು ನಾವೂ ಕೋಟೆಗೋಪುರವನ್ನು ಕರೆಯುವುದರಿಂದ ನಮಗಂತೂ ಕಿವಿಗೆ ಹಿತವಾದ ವಿವರಣೆ. ಆದರೆ ಅರಬರು ಸ್ಪೇನಿಗೆ ಬರುವುದಕ್ಕೆ ಶತಮಾನಗಳ ಮೊದಲೇ ಆ ಊರಿಗೆ ಬುರ್ಸಾವು ಎಂಬ ಹೆಸರಿತ್ತು; ಪ್ರಾಚೀನ ನಾಣ್ಯಗಳ ಮೇಲೆ ಅದು ಅಚ್ಚಾಗಿದೆ. ಕಿವಿಗೆ ಹಿತವಾದದ್ದೆಲ್ಲ ನಿರುಕ್ತವಲ್ಲ.

ಹೆಸರಿನ ಈ ಪಯಣದಲ್ಲಿ ಬೆಳಕಷ್ಟೇ ಇದೆಯೆಂದು ಹೇಳಿದರೆ ಅರ್ಧ ಸತ್ಯವಾದೀತು. ಗೋವೆಯಲ್ಲಿ ಇನ್‌ಕ್ವಿಸಿಷನ್ ಎಂಬ ಧರ್ಮವಿಚಾರಣೆಯ ನ್ಯಾಯಾಲಯ ಬೇಕೆಂದು 1546ರಲ್ಲಿ ಪೋರ್ಚುಗಲ್ಲಿನ ದೊರೆಗೆ ಬರೆದವರಲ್ಲಿ ಝೇವಿಯರನೂ ಒಬ್ಬ. ಅವನು ಸತ್ತ ಮೇಲೆ, 1560ರಲ್ಲಿ, ಅದು ಸ್ಥಾಪನೆಯಾಯಿತು. ಕೊನೆಯದಾಗಿ ರದ್ದಾದದ್ದು 1812ರಲ್ಲಿ. ಗೋವೆಯಿಂದ ಕೊಂಕಣಿ ಕ್ರೈಸ್ತರು ತಂಡತಂಡವಾಗಿ ಕೆನರಾ ಕರಾವಳಿಗೆ ಇಳಿದು ಬಂದದ್ದಕ್ಕೆ ಇತಿಹಾಸಕಾರರು ಕೊಡುವ ಕಾರಣಗಳಲ್ಲಿ ಬರಗಾಲವಿದೆ, ಮರಾಠರ ಯುದ್ಧಗಳಿವೆ, ಈ ನ್ಯಾಯಾಲಯದ ಭಯವೂ ಇದೆ. ಮನೆ ಬಿಟ್ಟು ಬಂದವರು ಸಂತನನ್ನು ಬಿಟ್ಟು ಬರಲಿಲ್ಲ. ಮಕ್ಕಳಿಗೆ ಅವನ ಹೆಸರಿಟ್ಟರು. ಒಂದೇ ಹೆಸರು ಒಬ್ಬರ ಕಿವಿಗೆ ಅಭಯ, ಇನ್ನೊಬ್ಬರ ಕಿವಿಗೆ ಹಳೆಯ ಗಾಯ. ‘ಹೊಸಮನೆ’ ಎಂಬ ಮೂಲಾರ್ಥ ಇವೆರಡರಲ್ಲಿ ಯಾವುದನ್ನೂ ಹೇಳುವುದಿಲ್ಲ.

ನಾನು ಹೇಳಬೇಕೆಂದಿರುವ ವಿಮರ್ಶೆಯ ಮಾತು ಇಲ್ಲಿದೆ. ನಮ್ಮ ಸಾಹಿತ್ಯ ವಿಮರ್ಶೆಯಲ್ಲಿ ಪಾತ್ರದ ಹೆಸರನ್ನು ಒಡೆದು, ಧಾತುವನ್ನು ಹೊರತೆಗೆದು, ಅದೇ ಪಾತ್ರದ ಗುಟ್ಟೆಂದು ಸಾರುವ ಚಾಳಿಯೊಂದು ಬೆಳೆದಿದೆ. ನಾಯಕಿಯ ಹೆಸರು ಸೀತೆಯಾದರೆ ನೇಗಿಲ ಸಾಲು, ಆದ್ದರಿಂದ ಅವಳು ಭೂಮಿಯಂತೆ ಸಹಿಷ್ಣು. ನಾಯಕ ಅಚ್ಯುತನಾದರೆ ಅವನು ಜಾರದವನು, ಜಾರಿದರೆ ಅದು ವ್ಯಂಗ್ಯ. ಹೇಗೆ ಬಿದ್ದರೂ ವಿಮರ್ಶಕನಿಗೆ ಗೆಲುವು. ನಾನೂ ಇಂಥ ಲೇಖನಗಳನ್ನು ಬರೆದವನೇ. ಪರೀಕ್ಷೆಯಲ್ಲಿ ಹೀಗೆ ಬರೆದ ಹುಡುಗರಿಗೆ ಅಂಕಗಳನ್ನೂ ಕೊಟ್ಟಿದ್ದೇನೆ. ಆದರೆ ಯೋಗಾರ್ಥಕ್ಕಿಂತ ರೂಢಿ ಬಲವುಳ್ಳದ್ದೆಂದು ನಮ್ಮ ಶಾಸ್ತ್ರಕಾರರು ಬಹಳ ಹಿಂದೆಯೇ ಕಂಡುಕೊಂಡಿದ್ದರು. ಅವರು ಕೊಡುವ ಉದಾಹರಣೆಯೂ ಪಂಕಜವೇ. ಕೆಸರಿನಲ್ಲಿ ಹುಟ್ಟಿದ್ದೆಲ್ಲ ಪಂಕಜವಲ್ಲ. ಪಂಕಜವೆಂದಾಗ ಕೆಸರು ನೆನಪಾಗುವುದಿಲ್ಲ, ತಾವರೆ ಕಾಣುತ್ತದೆ. ನನಗಂತೂ ತಾವರೆಯೂ ಕಾಣುವುದಿಲ್ಲ. ಒಲೆಯ ಮುಂದೆ ಕುಳಿತು ಹಿಂದಿರುಗಿ ನೋಡುವ ತಾಯಿ ಕಾಣುತ್ತಾಳೆ.

ಇದನ್ನು ಅರಿತು ಬರೆದ ಕೃತಿಕಾರನೆಂದರೆ ಸೆರ್ವಾಂಟಿಸ್. ಅವನ ಕಾದಂಬರಿಯ ಮೊದಲ ಅಧ್ಯಾಯವೇ ಹೆಸರುಗಳ ಪರಿಹಾಸ. ಲಾ ಮಾಂಚಾದ ಆ ಬಡ ಜಮೀನ್ದಾರನ ಮನೆತನದ ಹೆಸರು ಏನೆಂಬುದೇ ಖಚಿತವಿಲ್ಲ. ಕಿಹಾದ ಎನ್ನುವವರುಂಟು, ಕೆಸಾದ ಎನ್ನುವವರುಂಟು, ಊಹಿಸಿದರೆ ಕೆಹಾನ ಇರಬಹುದೆಂದು ಕಥೆಗಾರ ಹೇಳಿ ಮುಂದೆ ಹೋಗುತ್ತಾನೆ. ಮುದಿ ಕುದುರೆಗೆ ಹೆಸರು ಹುಡುಕಲು ನಾಲ್ಕು ದಿನ, ತನಗೆ ಹೆಸರು ಹುಡುಕಿಕೊಳ್ಳಲು ಎಂಟು ದಿನ ಹಿಡಿಯುತ್ತದೆ ಆ ಮಹಾಶಯನಿಗೆ. ಕೊನೆಗೆ ಆರಿಸಿದ ಕಿಹೋತೆ ಎಂಬುದು ತೊಡೆಗೆ ಕಟ್ಟುವ ಕವಚದ ಹೆಸರು. ಅಂದಿನ ಓದುಗರು ಈ ನಿರುಕ್ತಕ್ಕೆ ನಕ್ಕಿರಬೇಕು. ಸಾವಿರ ಪುಟಗಳ ತರುವಾಯ, 1615ರಲ್ಲಿ ಬಂದ ಎರಡನೆಯ ಭಾಗದ ಕಡೆಯ ಅಧ್ಯಾಯದಲ್ಲಿ, ಹುಚ್ಚು ಬಿಟ್ಟು ಮರಣಶಯ್ಯೆಯಲ್ಲಿರುವವನು ತಾನು ಕಿಹೋತೆಯಲ್ಲ, ಸಜ್ಜನನೆನಿಸಿಕೊಂಡ ಅಲೋನ್ಸೊ ಕಿಹಾನೊ ಎನ್ನುತ್ತಾನೆ. ಮನೆತನದ ಹೆಸರು ಅವನಿಗೆ ಮರಳಿ ದೊರಕಿತು. ಆದರೆ ಓದುಗನು ಅವನೊಡನೆ ಹಿಂದಕ್ಕೆ ಹೋಗಲಾರ. ಸಾಯುತ್ತಿರುವವನು ಕಿಹಾನೊ, ನಾವು ಅಳುವುದು ಕಿಹೋತೆಗಾಗಿ. ತೊಡೆಗವಚವೆಂಬ ಅರ್ಥ ಆ ಹೊತ್ತಿಗೆ ಯಾರ ನೆನಪಿನಲ್ಲಿರುತ್ತದೆ? ಹೆಸರಿಗೆ ಅರ್ಥ ಬಂದದ್ದು ಬಿದ್ದ ಏಟುಗಳಿಂದ, ಮೋಸಹೋದ ಘಳಿಗೆಗಳಿಂದ, ಸಾಂಚೊನ ಜೊತೆ ಆಡಿದ ಮಾತುಗಳಿಂದ.

ಸೆರ್ವಾಂಟಿಸನು ಇದನ್ನು ತನ್ನ ಮೇಲೆಯೇ ಪ್ರಯೋಗಿಸಿಕೊಂಡಿದ್ದ. ಅವನ ತಂದೆ ಸೆರ್ವಾಂಟಿಸ್, ತಾಯಿ ಕೊರ್ತೀನಾಸ್. ಆದರೆ ಅಲ್ಜಿಯರ್ಸಿನ ಐದು ವರ್ಷಗಳ ಸೆರೆಯಿಂದ 1580ರಲ್ಲಿ ಬಿಡುಗಡೆಯಾಗಿ ಬಂದ ಕೆಲವು ವರ್ಷಗಳ ಮೇಲೆ, ತಂದೆಯದೂ ಅಲ್ಲದ ತಾಯಿಯದೂ ಅಲ್ಲದ ಸಾವೇದ್ರ ಎಂಬ ಹೆಸರನ್ನು ತನ್ನ ಹೆಸರಿಗೆ ಸೇರಿಸಿಕೊಂಡ. ಕಾದಂಬರಿಯಲ್ಲಿ ಸೆರೆಯಾಳು ಹೇಳುವ ಕಥೆಯೊಳಗೆ ಸಾವೇದ್ರನೆಂಬ ಧೀರ ಸೈನಿಕನೊಬ್ಬನನ್ನು ತಂದ. ಮಗಳು ಇಸಬೆಲ್ ಆ ಹೆಸರನ್ನೇ ಹೊತ್ತಳು. ಅದು ಗಲೀಸಿಯ ಪ್ರಾಂತದ ಸ್ಥಳನಾಮ; ‘ಹಳೆಯ ಹಜಾರ’ ಎಂಬುದು ಮೂಲಾರ್ಥ. ಒಬ್ಬನದು ಹೊಸಮನೆ, ಇನ್ನೊಬ್ಬನದು ಹಳೆಮನೆ. ಆ ಅರ್ಥ ಹಿಡಿದು ಇಬ್ಬರಲ್ಲಿ ಒಬ್ಬನನ್ನಾದರೂ ತಿಳಿಯಲು ಸಾಧ್ಯವೆ?

ಹಾಗೆಂದು ಮೂಲವನ್ನು ಹುಡುಕುವುದು ವ್ಯರ್ಥವೆಂದು ನನ್ನ ಅಭಿಪ್ರಾಯವಲ್ಲ. ವ್ಯರ್ಥವಾಗಿದ್ದರೆ ಆ ಹುಡುಗನ ಪ್ರಶ್ನೆ ನನ್ನನ್ನು ಇಷ್ಟು ವರ್ಷ ಕಾಡುತ್ತಿರಲಿಲ್ಲ. ವ್ಯುತ್ಪತ್ತಿ ಹೆಸರು ಎಲ್ಲಿಂದ ಹೊರಟಿತೆಂಬುದನ್ನು ತಿಳಿಸುತ್ತದೆ. ಅದು ಯಾರ ಯಾರ ಕೈ ದಾಟಿ ಬಂತು, ಹೊತ್ತವರು ಏನು ಸೇರಿಸಿದರು ಎಂಬುದನ್ನು ಇತಿಹಾಸದಿಂದ, ಕಾವ್ಯದಿಂದ, ಮನೆಯ ಹಿರಿಯರಿಂದ ತಿಳಿಯಬೇಕು. ಮೊದಲನೆಯದನ್ನೇ ಎರಡನೆಯದೆಂದು ತಿಳಿಯುವುದು ತಪ್ಪು. ಮೊದಲನೆಯದು ತನಗೆ ಗೊತ್ತಿಲ್ಲವೆಂದು ಎರಡೂ ಇಲ್ಲವೆಂದುಬಿಡುವುದು ಇನ್ನೂ ದೊಡ್ಡ ತಪ್ಪು. ನಾನು ಮಾಡಿದ್ದು ಎರಡನೆಯದನ್ನು.

ನನ್ನ ಹೆಸರಿನ ಹಿಂದೆ ‘ಹೆಚ್’ ಎಂಬ ಒಂದಕ್ಷರವಿದೆ. ಹಾಜರಿ ಪುಸ್ತಕ, ಬ್ಯಾಂಕಿನ ಪುಸ್ತಕ, ಸಂಬಳದ ಪಟ್ಟಿ ಎಲ್ಲದರಲ್ಲೂ ಅದಿದೆ. ಅದು ಶರಾವತಿಯ ದಡದಲ್ಲಿದ್ದ ನನ್ನ ಅಜ್ಜನ ಮನೆಯ ಹೆಸರು: ಹೊಸಮನೆ. 1964ರಲ್ಲಿ ಮುಗಿದ ಲಿಂಗನಮಕ್ಕಿ ಅಣೆಕಟ್ಟಿನ ಹಿನ್ನೀರು ಅದನ್ನು ನುಂಗಿತು. ನಾನು ಹುಟ್ಟಿದ್ದು ಆಮೇಲೆ ಎಷ್ಟೋ ವರ್ಷಕ್ಕೆ; ಆ ಮನೆಯ ಹೊಸ್ತಿಲನ್ನು ನಾನು ಕಂಡವನಲ್ಲ. ಎತ್ತಿನಗಾಡಿಯಲ್ಲಿ ಬಾಗಿಲುವಾಡವನ್ನೂ ಕಂಬಗಳನ್ನೂ ಹೇರಿಕೊಂಡು ಹೊರಟದ್ದನ್ನು ಅಜ್ಜ ಹೇಳುತ್ತಿದ್ದರು. ಹೇಳುವಾಗ ಮನೆಯ ಹೆಸರು ಬಂದಲ್ಲಿ ತುಸು ನಿಲ್ಲುತ್ತಿದ್ದರು. ಆ ನಿಲುಗಡೆಯೇ ನನ್ನ ಪಾಲಿಗೆ ಆ ಅಕ್ಷರದ ಅರ್ಥ. ಹೊಸದೆಂಬುದೂ ಅಲ್ಲ, ಮನೆಯೆಂಬುದೂ ಅಲ್ಲ.

ನಾನು ಆ ಕಾಲೇಜನ್ನು ಬಿಟ್ಟು ಬಂದು ಬಹಳ ದಿನಗಳಾದವು. ಆ ಹುಡುಗ ಈಗ ಸಂಸಾರಸ್ಥನಾಗಿರಬೇಕು. ಕರಾವಳಿಯ ಅನೇಕರಂತೆ ಕೊಲ್ಲಿಯ ನಾಡಿನಲ್ಲಿದ್ದಾನೋ, ಊರಲ್ಲೇ ಇದ್ದಾನೋ ತಿಳಿಯದು. ಈ ಪುಟ ಅವನ ಕಣ್ಣಿಗೆ ಬಿದ್ದರೆ ಇಷ್ಟು ಹೇಳಬೇಕೆಂದಿದೆ: ನಿನ್ನ ಹೆಸರಿಗೆ ಅರ್ಥವಿದೆಯಪ್ಪ, ನಾನು ಅಂದು ತಪ್ಪು ಹೇಳಿದೆ. ಹಾಜರಿ ಕರೆಯುವಾಗ ನಿನ್ನ ಹೆಸರೂ ನನ್ನ ಮೊದಲಕ್ಷರವೂ ಒಂದೇ ಮಾತು ಎಂಬುದು ನಮ್ಮಿಬ್ಬರಿಗೂ ಗೊತ್ತಿರಲಿಲ್ಲ.